ಒಂದು ವಡೆಗಾಗಿ ಕಾಲ ಹೊರಳಿಸಿದ ಮೇಷ್ಟ್ರು

ಮೇಷ್ಟ್ರ ನೆನಪಿಗೊಂದು ಸಂಚಿಕೆ ತರುತ್ತಿದ್ದೇವೆ, ನಾಲ್ಕು ಒಳ್ಳೆಯ ಮಾತು ಬರೆದುಕೊಡಿ ಎಂದು ಶಾಲೆಯಿಂದ ಫೋನು ಬಂತು. ಅವರ ಕೈಕೆಳಗೆ ಎಲ್ಲರಿಗಿಂತ ಹೆಚ್ಚು ಕಾಲ ಕೆಲಸ ಮಾಡಿದವಳು ನಾನಂತೆ. ಆಗಲಿ ಎಂದು ಕೂತು ಯೋಚಿಸಿದೆ. ನಾಲ್ಕು ಸಿಗಲಿಲ್ಲ. ಒಂದೂವರೆ ಸಿಕ್ಕಿತು.

ಆ ಒಂದು ಎಂದರೆ, ಅವರು ಪಾಠ ಚೆನ್ನಾಗಿ ಮಾಡುತ್ತಿದ್ದರು. ಕಾಲವಿದ್ಯೆಯ ಮೊದಲ ಪಾಠವನ್ನು, ಅಂದರೆ ಉಸಿರು ಕಟ್ಟಿ ಈ ಕ್ಷಣದ ಅಂಚನ್ನು ಬೆರಳಿಗೆ ಸಿಗುವಂತೆ ಮಾಡಿಕೊಳ್ಳುವುದನ್ನು, ಅವರಷ್ಟು ಸಲೀಸಾಗಿ ಕಲಿಸಿದವರನ್ನು ನಾನು ನೋಡಿಲ್ಲ. ನಾನೂ ಕಲಿತದ್ದು ಅವರಿಂದಲೇ. ಉಳಿದರ್ಧ, ಅವರ ಕಂಠ. ಕಂಚಿನಂಥ ಕಂಠ. ಅದನ್ನು ತಮ್ಮನ್ನು ಹೊಗಳಿಕೊಳ್ಳುವುದಕ್ಕೇ ಬಳಸಿದ್ದರಿಂದ ಅರ್ಧ ಕಳೆದಿದ್ದೇನೆ. ಅವರ ಹೆಸರನ್ನಂತೂ ಬರೆಯುವುದಿಲ್ಲ. ತಮ್ಮ ಹೆಸರು ಅಚ್ಚಾಗಿದ್ದನ್ನು ನೋಡುವುದೆಂದರೆ ಅವರಿಗೆ ಪ್ರಾಣ. ಆ ಸುಖವನ್ನು ನಾನೇಕೆ ಕೊಡಲಿ?

ನಮ್ಮ ಶಾಲೆ ಇರುವುದು ಗೆಜ್ಜಲಗೆರೆ ದಾಟಿ ಹನಕೆರೆ ಕಡೆಗೆ ಹೋಗುವಾಗ, ರೈಲು ಹಳಿಯ ಆಚೆ. ಕಾಲವನ್ನು ಹಿಂದಕ್ಕೆ ತಿರುಗಿಸುವುದನ್ನು ಅಲ್ಲಿ ಕಲಿಸುತ್ತೇವೆ. ಅದಕ್ಕೆ ನಾವು 'ಹೊರಳು' ಎನ್ನುತ್ತೇವೆ. ದೊಡ್ಡ ಮಾಯಾಜಾಲವೆಂದು ಯಾರೂ ತಿಳಿಯಬೇಕಾಗಿಲ್ಲ. ಕಲಿತವರಲ್ಲಿ ಬಹಳ ಜನ ಹೊರಳಿಸಬಲ್ಲದ್ದು ಹಾಲು ಉಕ್ಕುವಷ್ಟು ಹೊತ್ತನ್ನು ಮಾತ್ರ. ಆದರೆ ಅಷ್ಟೇ ಸಾಕಾಗುತ್ತದೆ. ಗೆಜ್ಜಲಗೆರೆಯ ಫ್ಯಾಕ್ಟರಿಗಳಲ್ಲಿ ಪಾಳಿಗೊಬ್ಬರು ನಮ್ಮ ಹುಡುಗರು ಇರುತ್ತಾರೆ. ಮೆಷಿನ್ನಿಗೆ ಯಾರದಾದರೂ ಕೈ ಸಿಕ್ಕಿತೋ, ಒಂದು ಹೊರಳು. ಕೈ ಮತ್ತೆ ಹೊರಗೆ. ಕೈ ಉಳಿದವನಿಗೆ ತನ್ನ ಕೈ ಹೋಗಿತ್ತೆಂದೇ ಗೊತ್ತಿರುವುದಿಲ್ಲ. ಹೊರಳಿದಾಗ ಎಲ್ಲರ ಕಾಲವೂ ಹಿಂದಕ್ಕೆ ಹೋಗುತ್ತದೆ, ಆದರೆ ವಿದ್ಯೆ ಕಲಿತವರಿಗೆ ಮಾತ್ರ ಎರಡೂ ನೆನಪಿರುತ್ತದೆ: ಮೊದಲು ನಡೆದದ್ದೂ, ಆಮೇಲೆ ನಡೆದದ್ದೂ. ಯಾರೋ ಎಲ್ಲೋ ಹೊರಳಿಸಿದರೆ ನಮ್ಮ ಬಾಯಲ್ಲಿ ತುಕ್ಕಿನ ರುಚಿ ಬರುತ್ತದೆ. ಮಿಕ್ಕ ಊರಿಗೆ ಏನೂ ತಿಳಿಯುವುದಿಲ್ಲ.

ಮೇಷ್ಟ್ರು ಮಾತ್ರ ಇಡೀ ಒಂದು ದಿನವನ್ನು ಹೊರಳಿಸಬಲ್ಲವರಾಗಿದ್ದರು. ನಮ್ಮ ಸೀಮೆಯಲ್ಲಿ ಅವರೊಬ್ಬರೇ. ಆ ಶಕ್ತಿಯನ್ನು ಇಟ್ಟುಕೊಂಡು ಅವರು ಮಾಡಿದ್ದೇನು ಎಂದು ಕೇಳಿ.

ಮದ್ದೂರಿನಲ್ಲಿ ವಡೆ ತಿಂದರು. ಅವರಿಗೆ ಸಿಕ್ಕಿದ ವಡೆ ಒಂದು ಮಗ್ಗುಲು ಸೀದಿತ್ತು. ಎಡಗಿವಿಯ ಹಾಲೆಯನ್ನು ಎಳೆದುಕೊಂಡರು. ಹೊರಳಿಸುವ ಮುಂಚೆ ಅವರು ಹಾಗೆ ಎಳೆದುಕೊಳ್ಳುತ್ತಿದ್ದರು. ಮತ್ತೆ ತಟ್ಟೆಯ ಮುಂದೆ ನಿಂತು, "ಅದು ಬ್ಯಾಡ, ಈ ಕಡೇದು ಕೊಡು ಕಣ್ಲಾ" ಎಂದು ಬೇರೆ ವಡೆ ತೆಗೆದುಕೊಂಡರು. ಆ ಹೊತ್ತಿಗೆ ನಾನು ಮಂಡ್ಯದಿಂದ ಬಸ್ಸಿನಲ್ಲಿ ನಿಂತುಕೊಂಡು ಬಂದು, ಆಗತಾನೇ ಇಳಿದಿದ್ದೆ. ಬಾಯಿಗೆ ತುಕ್ಕು ಬಂತು. ನೋಡಿದರೆ ಮತ್ತೆ ಬಸ್ಸಿನಲ್ಲಿದ್ದೇನೆ, ಮತ್ತೆ ಅದೇ ಕಂಬಿ ಹಿಡಿದು ನಿಂತಿದ್ದೇನೆ, ಮತ್ತೆ ಅದೇ ಹೆಂಗಸಿನ ಕೋಳಿಬುಟ್ಟಿ ನನ್ನ ಕಾಲಿಗೆ ಒತ್ತುತ್ತಿದೆ. ಸಂಜೆ ಕೇಳಿದರೆ ನಕ್ಕು, "ವಡೆ ಅಂದ್ರೆ ಗರಿಗರಿ ಇರಬೇಕು ಕಣಮ್ಮ" ಅಂದರು.

"ಕಾಲ ಅನ್ನೋದು ನಮ್ಮನೆ ಎಮ್ಮೆ. ಕರುದ್ರೆ ತಿರುಗ್ಕಂಡು ಬತ್ತದೆ" ಎನ್ನುವುದು ಅವರ ಹೆಮ್ಮೆಯ ಮಾತು. ಹೊಸ ಮಕ್ಕಳಿಗೆಲ್ಲ ಇದನ್ನು ಹೇಳಿ ಚಪ್ಪಾಳೆ ಗಿಟ್ಟಿಸುತ್ತಿದ್ದರು. ಎಮ್ಮೆಯಾದರೂ ಹಾಲು ಕೊಡುತ್ತದೆ. ಇವರ ಕಾಲ ಯಾರಿಗೂ ಒಂದು ತೊಟ್ಟು ಕೊಟ್ಟದ್ದನ್ನು ನಾನು ಕಾಣೆ.

ವಾದದಲ್ಲಿ ಸೋಲುವುದು ಅವರಿಗೆ ಗೊತ್ತೇ ಇರಲಿಲ್ಲ. ಕಂಡಕ್ಟರ್ ಆಗಲಿ, ಸೊಪ್ಪಿನವಳಾಗಲಿ, ಏನಾದರೂ ಚುರುಕಾಗಿ ಅಂದುಬಿಟ್ಟರೆ ಕಿವಿ ಎಳೆದುಕೊಳ್ಳುವರು. ಹಿಂದಕ್ಕೆ ಹೋಗಿ, ಆ ಮಾತು ಬರುವ ಮೊದಲೇ ಅದಕ್ಕೆ ಉತ್ತರ ಕೊಟ್ಟು, ತೊಡೆ ತಟ್ಟಿಕೊಳ್ಳುವರು. ಪಾಪ, ಎದುರಿನವರು ತಾವು ಗೆದ್ದಿದ್ದನ್ನೇ ಮರೆತು ಪೆಚ್ಚಾಗಿ ನಿಲ್ಲುತ್ತಿದ್ದರು. ಕಲಿತವರಾದ ನಮ್ಮ ಹತ್ತಿರ ಈ ಆಟ ನಡೆಯುತ್ತಿರಲಿಲ್ಲ. ನಮಗೆ ಎರಡೂ ನೆನಪಿರುತ್ತಿತ್ತಲ್ಲ. ನಮ್ಮ ಬಾಯಿ ಮುಚ್ಚಿಸಲು ಅವರಿಗೆ ಶಾಲೆಯ ಮುಖ್ಯಸ್ಥರ ಕುರ್ಚಿಯಿತ್ತು.

ಅವರ ಹೆಂಡತಿ ವಿದ್ಯೆ ಕಲಿತವರಲ್ಲ. ಒಳ್ಳೆಯ ಹೆಂಗಸು. ಒಂದು ಸಲ ಅವರ ಮನೆಯ ಹಿತ್ತಿಲಲ್ಲಿ ಅವರೆಕಾಯಿ ಸುಲಿಯುತ್ತಾ ನನಗೆ ಹೇಳಿದರು: "ನಮ್ಮನೆಯೋರು ಒಂದು ದಿನಕ್ಕೂ ತಪ್ಪು ಮಾತಾಡಿದ್ದಿಲ್ಲ ಕಣಮ್ಮ. ನಾನೇ ದಡ್ಡಿ. ಜಗಳಕ್ಕೆ ಅಂತ ಬಾಯಿ ತೆಗೀತೀನಿ, ಅಷ್ಟ್ರಲ್ಲಿ ಅವ್ರೇ ಎಲ್ಲಾ ಏಳಿರ್ತಾರೆ." ನಾನು ಕಾಯಿಯನ್ನೇ ನೋಡುತ್ತಾ ಸುಲಿದೆ. ಆಕೆ ಗೆದ್ದ ಜಗಳಗಳು ಎಷ್ಟಿದ್ದವೋ, ಎಲ್ಲವನ್ನೂ ಆಕೆಗೆ ಗೊತ್ತಾಗದಂತೆ ಆಕೆಯಿಂದಲೇ ಕಿತ್ತುಕೊಂಡಿದ್ದ ಮನುಷ್ಯ ಒಳಗೆ ಕೂತು ಟೀವಿ ನೋಡುತ್ತಿದ್ದರು.

ಇಷ್ಟೇ ಆಗಿದ್ದರೆ ನಕ್ಕು ಬಿಡಬಹುದಿತ್ತು. ಭಾಗ್ಯಳ ವಿಷಯ ಹೇಳದೆ ನಾನು ಈ ಬರಹ ಮುಗಿಸಲಾರೆ.

ಭಾಗ್ಯ ಮಳವಳ್ಳಿ ಕಡೆಯ ಹುಡುಗಿ. ಡಿಗ್ರಿ ಮುಗಿಸಿ ನಮ್ಮಲ್ಲಿ ಸೇರಿದಳು. ಅವಳ ಅಪ್ಪ ಊರಿನ ಪ್ರೈಮರಿ ಶಾಲೆಯ ಮೇಷ್ಟ್ರು. ಮನೆಯಲ್ಲಿ ಬುದ್ಧನ ಫೋಟೋ, ಮೈಮೇಲೆ ಇಸ್ತ್ರಿ ಮಾಡಿದ ಬಿಳಿ ಷರಟು, ಯಾರ ಮುಂದೆಯೂ ಬಗ್ಗದ ಕತ್ತು. ಮಗಳನ್ನು ಸೇರಿಸಲು ಬಂದ ದಿನ ನಮ್ಮ ಮೇಷ್ಟ್ರು ಅವರ ಊರಿನ ಹೆಸರು ಕೇಳಿ, ಕಣ್ಣು ಕಿರಿದು ಮಾಡಿ, "ಊರಲ್ಲಿ ಯಾವ ಬೀದಿ?" ಅಂದರು.

"ಸ್ಕೂಲಿರೋ ಬೀದಿ ಸಾ" ಅಂದರು ಅವರು.

ಮೇಷ್ಟ್ರು ಕಿವಿ ಎಳೆದುಕೊಂಡರು. ಮತ್ತೆ ಅದೇ ಬೆಳಗು, ಮತ್ತೆ ಅದೇ ಬಾಗಿಲು, ಮತ್ತೆ ಅಪ್ಪ ಮಗಳು ಒಳಗೆ ಬಂದರು. ಈ ಸಲ ಪ್ರಶ್ನೆ ಬೇರೆ: "ನಿಮ್ಮ ಕಡೆಯೋರಿಗೆ ಇದೆಲ್ಲ ಯಾಕೆ? ಸರ್ಕಾರಿ ಕೆಲಸ ಸುಲಭಕ್ಕೆ ಸಿಕ್ತದಲ್ಲ?" ಆತ ಶಾಂತವಾಗಿ, "ಸುಲಭದ್ದು ಬ್ಯಾಡ ಅಂತ್ಲೇ ಇಲ್ಲಿಗೆ ಕರ್ಕಬಂದೆ ಸಾ" ಅಂದರು. ಮೂರನೆಯ ಸಲ ಹೊರಳಿಸುವ ಉಮೇದು ಮೇಷ್ಟ್ರಿಗೆ ಬರಲಿಲ್ಲ. ಅವರ ಕೈಯಲ್ಲಿ ಸೋಲದೆ ಹೋದ, ವಿದ್ಯೆ ಕಲಿಯದ ಮನುಷ್ಯ ಎಂದರೆ ನಾನು ಕಂಡಂತೆ ಆತನೊಬ್ಬನೇ.

ಭಾಗ್ಯ ಚೆನ್ನಾಗಿ ಕಲಿತಳು. ಎರಡನೆಯ ವರ್ಷದ ವಾರ್ಷಿಕೋತ್ಸವದಲ್ಲಿ ಅವಳಿಗೆ ಬಹುಮಾನವಿತ್ತು. ಅಪ್ಪ ಬೈಕಿನಲ್ಲಿ ಮಳವಳ್ಳಿ ಕಡೆಯಿಂದ ಮದ್ದೂರಿನ ಮೇಲೆ ಬಂದು ಮುಂದಿನ ಸಾಲಿನಲ್ಲಿ ಕೂತರು. ಮಧ್ಯಾಹ್ನದ ಊಟವಾದ ಮೇಲೆ ಸಭೆ ಶುರುವಾಯಿತು. ಬಹುಮಾನ ಕೊಟ್ಟಾದ ಮೇಲೆ ಅಧ್ಯಕ್ಷ ಭಾಷಣಕ್ಕೆಂದು ನಮ್ಮ ಮೇಷ್ಟ್ರು ಪೇಟ ಸರಿಮಾಡಿಕೊಂಡು ಎದ್ದರು. 'ಕಾಲವನ್ನು ಬಲ್ಲ ನಾನು' ಎಂದು ಶುರು ಮಾಡಬೇಕೆಂದು ವಾರದಿಂದ ಅಭ್ಯಾಸ ಮಾಡಿದ್ದರು. ಬಾಯಿಂದ ಬಂದದ್ದು, "ಕಾಲವಾದ ನಾನು..."

ಹಿಂದಿನ ಸಾಲಿನಿಂದ ಯಾರೋ, "ಮಣ್ಣು ಎಷ್ಟೊತ್ತಿಗೆ ಸಾ?" ಅಂದರು. ಶಾಮಿಯಾನವೇ ಹಾರಿಹೋಗುವಂತೆ ಜನ ನಕ್ಕರು. ನಾನೂ ನಕ್ಕೆ, ಸೆರಗು ಕಚ್ಚಿಕೊಂಡು ನಕ್ಕೆ. ಮೇಷ್ಟ್ರು ಇನ್ನೆರಡು ಮಾತು ತೊದಲಿ ಕೂತುಬಿಟ್ಟರು. ಬಿಸಿಲಿರುವಾಗಲೇ ಸಭೆ ಮುಗಿಯಿತು. ಭಾಗ್ಯಳ ಅಪ್ಪ ಎಲ್ಲರಿಗೂ ಕೈಮುಗಿದು, ಮಗಳ ಬಹುಮಾನ ತೆಗೆದುಕೊಂಡು ಬೈಕು ಹತ್ತಿದರು. ಸಂಜೆ ಹಾಸ್ಟೆಲಿನ ಜಗಲಿಯಲ್ಲಿ ನಾನೂ ಭಾಗ್ಯಳೂ ಕೂತಿದ್ದಾಗ ಅವರ ಫೋನು ಬಂತು. ಅವಳು ಸ್ಪೀಕರಿಗೆ ಹಾಕಿದಳು.

"ಮನೆ ಸೇರ್ದೆ ಕಣವ್ವ. ನಿಮ್ಮವ್ವ ನಿನ್ನ ಬಹುಮಾನ ಎಲ್ಲಾರ್ಗೂ ತೋರ್ಸ್ಕಂಡು ಬೀದಿ ಸುತ್ತಾವ್ಳೆ. ಉಂಡ್ಯಾ?"

"ಇನ್ನೂ ಇಲ್ಲ ಕಣಪ್ಪ."

"ಉಣ್ಣು ಓಗು. ಆಮ್ಯಾಕೆ ಮಾತಾಡನ."

ಅವಳು ಊಟಕ್ಕೆ ಏಳುತ್ತಿದ್ದಳು. ದೀಪ ಹಚ್ಚುವ ಹೊತ್ತು. ನಮ್ಮಿಬ್ಬರ ಬಾಯಿಗೂ ಒಟ್ಟಿಗೆ ತುಕ್ಕು ಬಂತು. ಕಣ್ಣು ಬಿಟ್ಟರೆ ಬೆಳಿಗ್ಗೆ. ಹೊರಗೆ ಶಾಮಿಯಾನ ಕಟ್ಟುವವರು ಗೂಟ ಹೊಡೆಯುತ್ತಿದ್ದಾರೆ.

ಆ ದಿನವನ್ನು ನಾವೆಲ್ಲ ಮತ್ತೊಮ್ಮೆ ಬದುಕಿದೆವು. ಅದೇ ಊಟ, ಅದೇ ಬಹುಮಾನ. ಈ ಸಲ ಮೇಷ್ಟ್ರು ತಪ್ಪಲಿಲ್ಲ. "ಕಾಲವನ್ನು ಬಲ್ಲ ನಾನು" ಎಂದು ಗುಡುಗಿದರು. ಗುಡುಗಿದವರು ನಿಲ್ಲಿಸಲಿಲ್ಲ. ಅವರ ಬಾಲ್ಯ, ಅವರ ಸಾಧನೆ, ಅವರ ಎಮ್ಮೆ. ನಕ್ಕಿದ್ದ ಜನರಿಂದ ಆ ನಗುವನ್ನು ಬಡ್ಡಿ ಸಮೇತ ವಸೂಲಿ ಮಾಡುವವರಂತೆ ಕತ್ತಲಾಗುವವರೆಗೂ ಮಾತಾಡಿದರು. ನಡುವೆ ಎದ್ದು ಹೋದರೆ ಮಗಳಿಗೆ ತೊಂದರೆಯಾದೀತೆಂದು ಭಾಗ್ಯಳ ಅಪ್ಪ ಕೂತೇ ಇದ್ದರು. ಚಪ್ಪಾಳೆ ಬಿತ್ತು. ಆತ ಕತ್ತಲಲ್ಲಿ ಬೈಕು ಹತ್ತಿದರು.

ಮದ್ದೂರು ದಾಟಿ ಮಳವಳ್ಳಿ ರಸ್ತೆಯಲ್ಲಿ ಕಬ್ಬು ತುಂಬಿದ ಟ್ರ್ಯಾಕ್ಟರೊಂದು ನಿಂತಿತ್ತು. ಹಿಂದೆ ದೀಪವಿಲ್ಲ. ಕಬ್ಬಿನ ಜಲ್ಲೆಗಳು ಟ್ರೇಲರಿನಿಂದ ಆಚೆಗೆ ಚಾಚಿಕೊಂಡಿದ್ದವು.

ಭಾಗ್ಯಳಿಗೆ ಆ ರಾತ್ರಿ ಫೋನು ಬಂತು. ಆದರೆ ಮಾತಾಡಿದ್ದು ಅವಳ ಚಿಕ್ಕಪ್ಪ.

ಮಾರನೆಯ ಬೆಳಿಗ್ಗೆ ಅವಳು ಮೇಷ್ಟ್ರ ಕೋಣೆಗೆ ಬಂದಳು. ನಾನು ಜೊತೆಗಿದ್ದೆ. ಮೇಷ್ಟ್ರು ಉಪ್ಪಿಟ್ಟು ತಿನ್ನುತ್ತಿದ್ದರು. ಅವಳು ಅಳಲಿಲ್ಲ. "ಸಾ, ನಿನ್ನೆ ಮಧ್ಯಾಹ್ನಕ್ಕೆ ಓಗಬೇಕು. ಇನ್ನೂ ಒಂದು ದಿನ ಆಗಿಲ್ಲ. ನಿಮ್ಮ ಕೈಲಾಯ್ತದೆ. ಅಪ್ಪನ್ನ ನಾನೇ ಎಬ್ಬಿಸಿ ಬೆಳಕಿದ್ದಂಗೆ ಕಳುಸ್ತೀನಿ. ನೀವು ಭಾಷಣ ಮಾಡಿ, ಎಷ್ಟೊತ್ತಾದ್ರೂ ಮಾಡಿ" ಅಂದಳು.

ಮೇಷ್ಟ್ರು ಬಾಯಿ ಒರೆಸಿಕೊಂಡರು. "ಬಹಳ ದುಃಖದ ವಿಷಯ. ಆದ್ರೆ ನೋಡಮ್ಮ, ನಿನ್ನೆ ತಾನೇ ಇಡೀ ದಿನ ಹೊರಳಿಸಿದ್ದೀನಿ. ಮೈ ತುಂಬ್ಕೊಳ್ಳಾಕೆ ಹದಿನೈದು ದಿನ ಬೇಕು. ವಿದ್ಯೆಗೂ ಒಂದು ಮಿತಿ ಅದೆ."

"ಮೊದಲ್ನೇ ಸಲ ಅಪ್ಪ ಮನೆ ಸೇರಿದ್ರು ಸಾ. ನಂಗೆ ಫೋನ್ ಮಾಡಿದ್ರು."

"ವಿಧಿ" ಅಂದರು ಅವರು.

ಅವಳು ಅವರ ಕಾಲು ಮುಟ್ಟಲು ಬಗ್ಗಿದಳು. ಬಗ್ಗದ ಮನೆಯ ಹುಡುಗಿ ಬಗ್ಗಿದಳು. ಅವರು ಕಾಲು ಹಿಂದಕ್ಕೆ ಎಳೆದುಕೊಂಡರು. ಆಗ ನಾನು ಅವರ ಮುಖ ನೋಡಿದೆ. ಅಲ್ಲಿ ಸುಸ್ತಿರಲಿಲ್ಲ. ಗೋಡೆಗೆ ತೂಗುಹಾಕಿದ್ದ, ನಿನ್ನೆ ಸಭೆಯಲ್ಲಿ ಹಾಕಿದ್ದ ಹಾರದ ಕಡೆಗೆ ಅವರ ಕಣ್ಣು ಹೋಗಿ ಬಂತು. ಆ ಚಪ್ಪಾಳೆಯನ್ನು ಇನ್ನೊಂದು ಸಲ ಪಣಕ್ಕೆ ಒಡ್ಡಲು ಅವರಿಗೆ ಮನಸ್ಸಿರಲಿಲ್ಲ. ಅಷ್ಟೇ ವಿಷಯ.

ಭಾಗ್ಯ ತನ್ನ ಕೈಲಾದದ್ದು ಮಾಡಿದಳು. ಕೋಣೆಯ ಹೊರಗೆ ನಿಂತು ಉಸಿರು ಕಟ್ಟಿ ಹೊರಳಿಸಿದಳು. ನಾನೂ ಹೊರಳಿಸಿದೆ. ಅವಳಿಂದ ಆದದ್ದು ಒಂದು ಪಾತ್ರೆ ಅನ್ನ ಬೇಯುವಷ್ಟು ಹೊತ್ತು, ನನ್ನಿಂದ ಅದಕ್ಕಿಂತ ಕಡಿಮೆ. ತಾನು ಒಮ್ಮೆ ಹೊರಳಿ ಇಳಿದ ಗಳಿಗೆಗಿಂತ ಹಿಂದಕ್ಕೆ ಯಾರೂ ಮತ್ತೆ ಹೊರಳಿಸಲಾರರು. ಎಷ್ಟು ಸಲ ಮಾಡಿದರೂ ನಾವು ಸೇರಿದ್ದು ಅದೇ ಬೆಳಿಗ್ಗೆಗೆ, ಅದೇ ಉಪ್ಪಿಟ್ಟಿನ ವಾಸನೆಗೆ. ಕೊನೆಗೆ ಅವಳ ಮೂಗಿನಿಂದ ರಕ್ತ ಬಂತು. ನಾನು ಅವಳನ್ನು ಹಿಡಿದು ಕೂರಿಸಿ, ಊರಿಗೆ ಕರೆದುಕೊಂಡು ಹೋದೆ.

ಆ ವಾರವೇ ಹನಕೆರೆಯ ಹತ್ತಿರ ಮೇಷ್ಟ್ರ ಹೊಸ ಕಾರಿಗೆ ಗೂಡ್ಸ್ ಆಟೋ ಒಂದು ಉಜ್ಜಿತು. ಸಂಜೆ ನನ್ನ ಬಾಯಿಗೆ ತುಕ್ಕು ಬಂತು. ಕಣ್ಣು ಬಿಟ್ಟರೆ ಬೆಳಿಗ್ಗೆ. ಆ ದಿನ ಅವರು ಕಾರು ತೆಗೆಯಲಿಲ್ಲ. ಹದಿನೈದು ದಿನದ ಮಿತಿ ಎಲ್ಲಿ ಹೋಯಿತು ಎಂದು ಕೋಣೆಗೆ ನುಗ್ಗಿ ಕೇಳಿದೆ. "ನಿಂಗೆ ಪಾಠ ಏಳ್ಕೊಟ್ಟೋನು ನಾನು" ಅಂದರು. ಅದು ಉತ್ತರವಂತೆ.

ಭಾಗ್ಯಳ ಮನೆಯವರು ದೂರು ಕೊಟ್ಟರು. ಆಡಳಿತ ಮಂಡಳಿ ವಿಚಾರಣೆಗೆ ಕೂತಿತು. ಮೊದಲಿನ ದಿನ ನೆನಪಿದೆಯೇ ಎಂದು ನಮ್ಮೆಲ್ಲರನ್ನೂ ಕೇಳಿದರು. ನನ್ನ ಪಕ್ಕದ ಕೋಣೆಯಲ್ಲಿ ಪಾಠ ಹೇಳುವ ಮರಿಸ್ವಾಮಿ, 'ಮಣ್ಣು ಎಷ್ಟೊತ್ತಿಗೆ' ಎಂಬ ಮಾತನ್ನು ನಾಲ್ಕು ದಿನ ಹೇಳಿಕೊಂಡು ನಕ್ಕಿದ್ದ ಮರಿಸ್ವಾಮಿ, ನೆಲ ನೋಡುತ್ತಾ "ನೆಪ್ಪಿಲ್ಲ" ಅಂದ. ಒಬ್ಬೊಬ್ಬರಾಗಿ ಎಲ್ಲರೂ ನೆಪ್ಪಿಲ್ಲ ಅಂದರು. ನೆನಪಿದೆ ಅಂದವರು ಭಾಗ್ಯ ಮತ್ತು ನಾನು. ನಡೆಯದೆ ಹೋದ ದಿನಕ್ಕೆ ಸಾಕ್ಷಿ ನಡೆಯುವುದಿಲ್ಲ ಎಂದು ತೀರ್ಮಾನವಾಯಿತು. ಮೇಷ್ಟ್ರು ಹೊರಗೆ ಬಂದು ನನ್ನ ಭುಜ ತಟ್ಟಿ, "ಬುಡಮ್ಮ, ನಾನೇನೂ ಮನಸ್ಸಲ್ಲಿ ಇಟ್ಕೊಳ್ಳಲ್ಲ" ಅಂದರು. ನನ್ನನ್ನು ಕ್ಷಮಿಸಿದ್ದರು ಆ ಮಹಾನುಭಾವರು!

ಭಾಗ್ಯ ಶಾಲೆ ಬಿಟ್ಟಾಳೆಂದು ನಾನು ತಿಳಿದಿದ್ದೆ. ಅವಳು ಬಿಡಲಿಲ್ಲ. ಅದೇ ಮೇಷ್ಟ್ರ ಮುಂದೆ, ಮೊದಲ ಬೆಂಚಿನಲ್ಲಿ ಕೂತು ಕೊನೆಯ ವರ್ಷ ಮುಗಿಸಿದಳು. ಆ ವರ್ಷವೆಲ್ಲ ಅವರು ಕಪ್ಪು ಹಲಗೆಯ ಕಡೆಗೆ ಮುಖ ಮಾಡಿಕೊಂಡೇ ಪಾಠ ಹೇಳಿದರು. ಆಮೇಲೆ ಮಂಡ್ಯದ ಒಂದು ಆಸ್ಪತ್ರೆಯಲ್ಲಿ ಅವಳಿಗೆ ಕೆಲಸವಾಯಿತು. ಆಪರೇಷನ್ನಿನಲ್ಲಿ, ಹೆರಿಗೆಯಲ್ಲಿ ಏನಾದರೂ ಕೈ ಮೀರಿದರೆ ಹೊರಳಿಸುವ ಕೆಲಸ.

ಮೇಷ್ಟ್ರು ಕಾಯಿಲೆ ಬಿದ್ದಾಗ ಅದೇ ಆಸ್ಪತ್ರೆಗೆ ಸೇರಿಸಿದರು. ಒಂದು ಮಂಗಳವಾರ ಬೆಳಿಗ್ಗೆ, ಇವತ್ತು ರಾತ್ರಿ ದಾಟುವುದು ಕಷ್ಟ ಎಂದು ಡಾಕ್ಟರು ಹೇಳಿದರಂತೆ. ಅವರ ಹೆಂಡತಿ ನನಗೆ ಫೋನು ಮಾಡಿದರು. ಆಕೆಯ ಮುಖ ನೋಡಿ ಹೋದೆ.

ಮೇಷ್ಟ್ರು ಭಾಗ್ಯಳನ್ನು ಕರೆಸಿದ್ದರು. ಅವಳು ಬಂದು ಮಂಚದ ಹತ್ತಿರ ನಿಂತಳು.

"ನನ್ನಿಂದ ಒಂದು ತಪ್ಪಾಯ್ತು. ಕ್ಷಮಿಸಿದ್ದೀನಿ ಅನ್ನು" ಅಂದರು ಮೇಷ್ಟ್ರು.

"ಆಗಲ್ಲ ಸಾ" ಅಂದಳು. ದಿಂಬು ಸರಿಮಾಡಿ ಹೊರಗೆ ಹೋದಳು.

ಸಂಜೆ ನಾನು ಮದ್ದೂರಿನ ನನ್ನ ಮನೆಗೆ ಮರಳಿ ಬಾಗಿಲು ತೆಗೆಯುತ್ತಿದ್ದೆ. ಬಾಯಿಗೆ ತುಕ್ಕು ಬಂತು. ಮತ್ತೆ ಮಂಗಳವಾರ ಬೆಳಿಗ್ಗೆ. ಮತ್ತೆ ಅವರ ಹೆಂಡತಿಯ ಫೋನು, ಅದೇ ಅಳು. ಮತ್ತೆ ಹೋದೆ. ಈ ಸಲ ಮೇಷ್ಟ್ರು ಕಣ್ಣೀರು ತಂದುಕೊಂಡರು. "ಆಗಲ್ಲ ಸಾ" ಅಂದಳು ಭಾಗ್ಯ. ಇನ್ನೊಂದು ಮಂಗಳವಾರ ಹೆಂಡತಿಯಿಂದ ಹೇಳಿಸಿದರು. ಮತ್ತೊಂದರಲ್ಲಿ ಅವಳ ಅಪ್ಪನ ಗುಣಗಾನ ಮಾಡಿದರು, ಮಗದೊಂದರಲ್ಲಿ ಗದರಿದರು. ಅವಳ ಉತ್ತರ ಬದಲಾಗಲಿಲ್ಲ. ಅವಳಿಗೆ ಹಿಂದಿನ ಮಂಗಳವಾರಗಳೆಲ್ಲ ನೆನಪಿವೆ ಎಂದು ಗೊತ್ತಿದ್ದೂ ಸೊಪ್ಪಿನವಳ ಹತ್ತಿರ ಆಡುವ ಆಟವನ್ನೇ ಆಡುತ್ತಿದ್ದರು. ಬೇರೆ ಆಟ ಅವರು ಕಲಿತಿರಲಿಲ್ಲ. ಪ್ರತಿಸಲವೂ ಆ ಹೆಂಡತಿ ಗಂಜಿ ತಂದು, "ಇವತ್ತು ಒಂಚೂರು ಗೆಲುವಾಗವ್ರೆ ಅಲ್ವಾ?" ಎಂದು ಹೊಸದಾಗಿ ನನ್ನನ್ನು ಕೇಳುತ್ತಿದ್ದರು. ಎಷ್ಟು ಮಂಗಳವಾರವೆಂದು ನಾನು ಲೆಕ್ಕ ಬಿಟ್ಟೆ.

ಒಂದು ಮಂಗಳವಾರ ಭಾಗ್ಯ ಬಂದವಳೇ ಅವರಿಗೆ ಮಾತಾಡಲು ಬಿಡಲಿಲ್ಲ.

"ಸಾ, ಪಕ್ಕದ ವಾರ್ಡಲ್ಲಿ ಹನಕೆರೆ ಹೆಣ್ಣೊಂದು ನೋವು ತಿಂತಾ ಅದೆ. ಚೊಚ್ಚಲು. ಬೆಳಿಗ್ಗೆಯಿಂದ ಕಿರುಚ್ತಾಳೆ, ಮಧ್ಯಾಹ್ನಕ್ಕೆ ಹೆರ್ತಾಳೆ. ಮಗೀಗೆ ಹಾಲು ಕುಡಿಸ್ತಾಳೆ. ಸಂಜೆ ನೀವು ಹೊರಳಿಸ್ತೀರಿ. ಆ ಕೂಸನ್ನ ಎಳ್ದು ವಾಪಸ್ ಹೊಟ್ಟೇಲಿ ಇಡ್ತೀರಿ. ಆ ಹೆಣ್ಣು ಮತ್ತೆ ಮೊದ್ಲಿಂದ ಕಿರುಚಬೇಕು. ಅವಳಿಗೆ ಗೊತ್ತಿಲ್ಲ. ನಂಗೊತ್ತದೆ. ಸಾಕು ಮಾಡಿ."

ಗೋಡೆಯಾಚೆಯಿಂದ ಆ ಕೂಗು ಕೇಳುತ್ತಿತ್ತು. ಮೇಷ್ಟ್ರು ಕೇಳಿಸಿಕೊಂಡರು. ಕೇಳಿಸಿಕೊಂಡು, "ಹಂಗಾದ್ರೆ ಅಂದ್ಬುಡು. ನಿನ್ನ ಕೈಲೇ ಅದೆ" ಅಂದರು.

ಮನುಷ್ಯ ಸಾಯುವಾಗ ದೊಡ್ಡವನಾಗುತ್ತಾನೆಂದು ಯಾರೋ ಹೇಳುತ್ತಾರೆ. ಹೆರುವವಳ ನೋವನ್ನು ಹಿಡಿದು ಚೌಕಾಸಿ ಮಾಡಿದ ಆ ಮುಖವನ್ನು ನಾನು ಹತ್ತಿರದಿಂದ ನೋಡಿದ್ದೇನೆ.

ಭಾಗ್ಯ ಕಿಟಕಿಯ ಕಡೆ ನೋಡಿದಳು. "ಕ್ಷಮಿಸಿದ್ದೀನಿ ಸಾ" ಅಂದಳು.

ಅವರ ಮುಖ ಅರಳಿತು. ಹೆಂಡತಿಯ ಕಡೆ ತಿರುಗಿ, "ನೋಡ್ದಾ? ನನ್ನ ಮಾತಿಗೆ ಕರಗದೋರು ಯಾರವ್ರೆ?" ಅಂದರು. ಸಂಜೆ ಅವರ ಕೈ ಕಿವಿಯ ಕಡೆಗೆ ಹೋಗಲಿಲ್ಲ. ಕತ್ತಲಾದ ಮೇಲೆ ಹೋಗಿಬಿಟ್ಟರು.

ಹೊರಗಿನ ಬೆಂಚಿನ ಮೇಲೆ ಭಾಗ್ಯ ನನ್ನ ಪಕ್ಕ ಕೂತಳು.

"ನಿಜವಾಗ್ಲೂ ಕ್ಷಮಿಸಿದ್ಯಾ?"

"ಇಲ್ಲ ಕಣಕ್ಕ" ಅಂದಳು. "ಆ ಹೆಣ್ಣು ಎಷ್ಟು ಸಲ ಅಂತ ಹೆರಬೇಕು?"

ನಾನು ಆ ರಾತ್ರಿ ಮೇಷ್ಟ್ರ ಹೆಂಡತಿಯ ಜೊತೆ ಅಲ್ಲೇ ಉಳಿದೆ. ಬೆಳಕು ಹರಿದ ಮೇಲೆ ಭಾಗ್ಯ ನನ್ನನ್ನು ಪಕ್ಕದ ವಾರ್ಡಿಗೆ ಕರೆದುಕೊಂಡು ಹೋದಳು. ಹನಕೆರೆಯ ಹುಡುಗಿ ಎದ್ದು ಕೂತು ಬಿಸಿನೀರು ಕುಡಿಯುತ್ತಿದ್ದಳು. ಮಗು ಅವಳ ಮಗ್ಗುಲಲ್ಲಿ ಮುಷ್ಟಿ ಬಿಗಿದು ಮಲಗಿತ್ತು. ಭಾಗ್ಯ ಬಗ್ಗಿ ಅದರ ಕೆನ್ನೆಯನ್ನು ಬೆರಳಿನಿಂದ ಮುಟ್ಟಿದಳು, ಬೆರಳು ತೆಗೆಯಲೇ ಇಲ್ಲ.

"ಮಂಗಳವಾರ ಹುಟ್ಟ್ಯದೆ. ನಮ್ಮತ್ತೆ ವಾರ ಸರಿಯಿಲ್ಲ ಅಂತ ಗೊಣಗ್ತಾವ್ರೆ ಕಣಕ್ಕ" ಅಂದಳು ಆ ಹುಡುಗಿ.

"ಹುಟ್ಟಿದ್ದು ಯಾವ ವಾರ ಆದ್ರೇನು" ಅಂದಳು ಭಾಗ್ಯ. "ಇವತ್ತು ಬುಧವಾರ ಕಣಮ್ಮ."